ನಂಬರ್ ಕೊಡೋರೇ ಇಲ್ಲದಾಗ

ಗದಗದಲ್ಲಿ ಎಂಜಿನಿಯರಿಂಗ್ ಓದುವ ಹುಡುಗ ಹುಡುಗಿಯರು, ಅಂಗಡಿಗಳಿಗೆ ಬಿಲ್ಲಿಂಗ್ ಸಾಫ್ಟ್‌ವೇರ್ ಮಾಡಿಕೊಡುವ ಕೆಲವರು ಸೇರಿದ್ದ ಕಡೆ ಆಡಿದ ಮಾತು ಇದು. ಆಡಿದ್ದನ್ನೇ ಸ್ವಲ್ಪ ಒಪ್ಪ ಮಾಡಿ ಬರೆದಿದ್ದೇನೆ. ಬೋರ್ಡ್ ಮೇಲಿನ ಲೆಕ್ಕ ಮಾತಿಗೆ ಇಳಿದಿದೆ, ನಡುವೆ ಬಂದ ಪ್ರಶ್ನೆಗಳು ಬಂದಲ್ಲೇ ಇವೆ.

ಗದಗ ಅಂದ್ರೆ ಪ್ರಿಂಟಿಂಗ್ ಪ್ರೆಸ್ಸುಗಳ ಊರು, ಅದನ್ನು ನಿಮಗೆ ನಾನು ಹೇಳಬೇಕಾಗಿಲ್ಲ. ಬಿಲ್ ಬುಕ್ ಮಾಡುವ ಕಡೆ ನಂಬರಿಂಗ್ ಮಷಿನ್ ಅಂತ ಒಂದು ಇರುತ್ತದೆ. ಸಣ್ಣ ಉಕ್ಕಿನ ಪೆಟ್ಟಿಗೆ. ಒಳಗೆ ಸಾಲಾಗಿ ಗಾಲಿಗಳು, ಪ್ರತಿ ಗಾಲಿಯ ಮೇಲೂ 0 ಯಿಂದ 9 ರವರೆಗೆ ಉಬ್ಬಿದ ಅಂಕಿಗಳು. ಒಂದು ಸಲ ಒತ್ತಿದರೆ ಕೊನೆಯ ಗಾಲಿ ಒಂದು ಹಲ್ಲು ಮುಂದೆ ಹೋಗುತ್ತದೆ, 9 ದಾಟಿದರೆ ಪಕ್ಕದ ಗಾಲಿಯನ್ನೂ ಒಂದು ಹಲ್ಲು ಎಳೆದುಕೊಂಡು ಹೋಗುತ್ತದೆ. ನೀವು ಡೇಟಾಬೇಸ್‌ನಲ್ಲಿ ಆಟೋ ಇನ್‌ಕ್ರಿಮೆಂಟ್ ಅಂತ ಬರೀತೀರಲ್ಲ, ಅದು ಮಾಡೋದೂ ಇಷ್ಟೇ. ಒಂದೇ ಮಷಿನ್ ಇದ್ದಷ್ಟು ದಿನ ಒಂದು ನಂಬರ್ ಎರಡು ಸಲ ಬರುವುದಿಲ್ಲ. ಸರಳ, ಅಗ್ಗ, ನೋಡಿದ ಕೂಡಲೇ ಅರ್ಥ ಆಗುವಂಥದ್ದು. ಇದನ್ನು ಬೈಯೋಕೆ ನಾನು ಬಂದಿಲ್ಲ. ಆದರೆ ಇದಕ್ಕೆ ಎರಡು ತೊಂದರೆ ಇವೆ, ಮತ್ತು ಇವತ್ತಿನ ಇಡೀ ಮಾತು ಆ ಎರಡರಿಂದಲೇ ಹುಟ್ಟುತ್ತದೆ.

ಮೊದಲನೆಯದು, ನಂಬರ್ ಬಾಯಿ ಬಿಡುತ್ತದೆ. ಧಾರವಾಡದ ಲೈನ್ ಬಜಾರಿನಲ್ಲಿ ಬೆಳಿಗ್ಗೆ ಒಂದು ಅಂಗಡಿಯಲ್ಲಿ ಪಾವು ಕಿಲೋ ಪೇಡೆ ತಗೊಳ್ಳಿ, ಸಂಜೆ ಮತ್ತೆ ಪಾವು ಕಿಲೋ ತಗೊಳ್ಳಿ. ಎರಡು ಬಿಲ್ಲಿನ ನಂಬರ್ ಕಳೆದರೆ ಆ ದಿನ ಎಷ್ಟು ಗಿರಾಕಿ ಬಂದರು ಅಂತ ಗೊತ್ತಾಯಿತು. ಎದುರಂಗಡಿಯವರಿಗೆ ಇದಕ್ಕಿಂತ ಅಗ್ಗದ ಗೂಢಚಾರಿಕೆ ಬೇಕಾ? ಮಹಾಯುದ್ಧದಲ್ಲಿ ಇದನ್ನೇ ದೊಡ್ಡ ಮಟ್ಟದಲ್ಲಿ ಮಾಡಿದರು. ಜರ್ಮನಿಯ ಟ್ಯಾಂಕುಗಳು ತಿಂಗಳಿಗೆ ಎಷ್ಟು ತಯಾರಾಗುತ್ತವೆ ಅಂತ ಮಿತ್ರರಾಷ್ಟ್ರಗಳಿಗೆ ತಿಳಿಯಬೇಕಿತ್ತು. 1942 ರ ಆಗಸ್ಟ್ ತಿಂಗಳಿಗೆ ಗೂಢಚಾರರ ಅಂದಾಜು 1,550. ಸಿಕ್ಕ ಟ್ಯಾಂಕುಗಳ ಬಿಡಿಭಾಗಗಳ ಮೇಲಿನ ಸೀರಿಯಲ್ ನಂಬರ್ ಇಟ್ಟುಕೊಂಡು ಸಂಖ್ಯಾಶಾಸ್ತ್ರದವರು ಕೂತಲ್ಲೇ ತೆಗೆದ ಲೆಕ್ಕ 327. ಯುದ್ಧ ಮುಗಿದ ಮೇಲೆ ಜರ್ಮನರ ಕಡತ ನೋಡಿದರೆ ನಿಜವಾದ ಸಂಖ್ಯೆ 342. ಇದನ್ನು ಓದಿದ ಮೇಲೆ ನನಗೆ ಬಿಲ್ ನಂಬರ್ ಅಂದ್ರೆ ಬರೀ ಬಿಲ್ ನಂಬರ್ ಅನ್ನಿಸುವುದೇ ಇಲ್ಲ.

ನಂಬರ್ ಎಷ್ಟಿದೆ ಅಂತ ಹೇಳುವುದರ ಜೊತೆ ಮುಂದಿನದು ಯಾವುದು ಅಂತಲೂ ಹೇಳುತ್ತದೆ. ಎಂಜಿನಿಯರಿಂಗ್ ವಿದ್ಯಾರ್ಥಿಗಳಿಗೆ ವಿಟಿಯು ವಿಶ್ವವಿದ್ಯಾಲಯ ಕೊಡುವ ಯುಎಸ್‌ಎನ್ ನಂಬರ್ ನೋಡಿ. ಮೊದಲು 2 ಬಂದರೆ ಬೆಳಗಾವಿ ವಿಭಾಗ, ಆಮೇಲೆ ಕಾಲೇಜಿನ ಎರಡಕ್ಷರ, ಸೇರಿದ ವರ್ಷ, ಬ್ರಾಂಚಿನ ಎರಡಕ್ಷರ, ಕೊನೆಗೆ ಕ್ರಮಸಂಖ್ಯೆ. ನಿಮ್ಮದು ಗೊತ್ತಿದ್ದರೆ ಪಕ್ಕದಲ್ಲಿ ಕೂತವನದೂ ಗೊತ್ತು. ರಿಸಲ್ಟ್ ಬಂದ ದಿನ ತನ್ನದಕ್ಕಿಂತ ಮೊದಲು ಗೆಳೆಯರದು ನೋಡದವರು ಇಲ್ಲಿ ಯಾರಾದರೂ ಇದ್ದೀರಾ? ಕೈ ಎತ್ತಿ. (ಯಾರೂ ಎತ್ತಲಿಲ್ಲ.)

ನಗುವ ವಿಷಯ ಅಲ್ಲದ್ದೂ ಇದೆ. ಹುಬ್ಬಳ್ಳಿಯ ಒಂದು ಲ್ಯಾಬ್, ಹೆಸರು ಬೇಡ. ಅಮ್ಮನ ರಕ್ತದ ರಿಪೋರ್ಟಿನ ಲಿಂಕ್ ಮೊಬೈಲಿಗೆ ಬಂತು. ಲಿಂಕಿನ ಕೊನೆಗೆ ಐದಂಕಿಯ ನಂಬರ್. ಕೊನೆಯ ಅಂಕಿಯನ್ನು ಒಂದು ಹೆಚ್ಚು ಮಾಡಿದೆ. ಇನ್ಯಾರದೋ ಶುಗರ್ ರಿಪೋರ್ಟ್, ಹೆಸರು, ವಯಸ್ಸು, ಫೋನ್ ನಂಬರ್ ಸಮೇತ ಬಿಚ್ಚಿಕೊಂಡಿತು. ಫೋನ್ ಮಾಡಿ ಹೇಳಿದರೆ ಕೌಂಟರಿನಲ್ಲಿದ್ದವರು, "ಬ್ಯಾರೆದವ್ರದು ಯಾರ್ ನೋಡ್ತಾರ್ರೀ ಸರ್, ಬಿಡ್ರಿ" ಅಂದರು. ಅಮೆರಿಕದಲ್ಲಿ ಫಸ್ಟ್ ಅಮೆರಿಕನ್ ಫೈನಾನ್ಷಿಯಲ್ ಅನ್ನುವ ದೊಡ್ಡ ಕಂಪನಿಯ ವೆಬ್‌ಸೈಟಿನಲ್ಲಿ ಇದೇ ತಪ್ಪು ಇತ್ತು. ಲಿಂಕಿನಲ್ಲಿ ಒಂದು ಅಂಕಿ ಬದಲಿಸಿದರೆ ಬೇರೆಯವರ ಮನೆ ಸಾಲದ ಕಾಗದಪತ್ರ. 2019 ರಲ್ಲಿ ಸುದ್ದಿ ಹೊರಗೆ ಬಂದಾಗ ಹೀಗೆ ತೆರೆದು ಬಿದ್ದಿದ್ದ ದಾಖಲೆಗಳು 88 ಕೋಟಿಗೂ ಹೆಚ್ಚು. ನಮ್ಮ ಲ್ಯಾಬಿನ ಕತೆ ಇನ್ನೂ ಅರ್ಧ ಇದೆ, ಆಮೇಲೆ ಹೇಳುತ್ತೇನೆ.

ಎರಡನೇ ತೊಂದರೆ ಬೇರೆ ಥರದ್ದು. ನಂಬರ್ ಕೊಡುವ ಮಷಿನ್ ಒಂದೇ ಇರಬೇಕು, ಮತ್ತು ಎಲ್ಲರೂ ಅದರ ಹತ್ತಿರ ಹೋಗಿಯೇ ನಂಬರ್ ತರಬೇಕು. ಹಳ್ಳಿ ಹಳ್ಳಿ ತಿರುಗಿ ಹೊಲದ ಬೆಳೆ ಬರೆದುಕೊಳ್ಳುವ ಆಪ್ ಒಂದನ್ನು ನೀವು ಮಾಡ್ತೀರಿ ಅಂದುಕೊಳ್ಳಿ. ಒಬ್ಬರು ಶಿರಹಟ್ಟಿ ಕಡೆ ಹೋಗಿದ್ದಾರೆ, ಇನ್ನೊಬ್ಬರು ನರಗುಂದದ ಕಡೆ. ಇಬ್ಬರ ಫೋನಿಗೂ ಸಿಗ್ನಲ್ ಇಲ್ಲ. ಇಬ್ಬರೂ ಹೊಲದ ಬದುವಿನ ಮೇಲೆ ನಿಂತು 1, 2, 3 ಅಂತ ದಾಖಲೆ ಮಾಡುತ್ತಾ ಹೋಗುತ್ತಾರೆ. ರಾತ್ರಿ ಊರಿಗೆ ಬಂದು ಸಿಂಕ್ ಒತ್ತಿದಾಗ ಸರ್ವರ್‌ನಲ್ಲಿ ಎರಡು 1, ಎರಡು 2, ಎರಡು 3. ಯಾರ ಹತ್ತಿಯ ಮೇಲೆ ಯಾರ ಗೋವಿನಜೋಳ ಕೂತಿತೋ ದೇವರೇ ಬಲ್ಲ.

ಅಂದರೆ ಯಾರನ್ನೂ ಕೇಳದೆ, ನಿಂತಲ್ಲೇ, ಜಗತ್ತಿನಲ್ಲಿ ಬೇರೆ ಯಾರ ಹತ್ತಿರವೂ ಇರದ ನಂಬರನ್ನು ಹುಟ್ಟಿಸಬೇಕು. ಕೇಳಿದರೆ ಹುಚ್ಚು ಅನ್ನಿಸುತ್ತೆ ಅಲ್ವಾ? ಆದರೆ ಉಪಾಯ ಸುಲಭ. ನಂಬರನ್ನು ತುಂಬಾ ದೊಡ್ಡದು ಮಾಡಿ, ಅಂಕಿಗಳನ್ನು ಕಣ್ಣು ಮುಚ್ಚಿ ಎತ್ತಿ. ಇದಕ್ಕೇ ಯುಯುಐಡಿ ಅನ್ನುವುದು, ಮೈಕ್ರೋಸಾಫ್ಟ್‌ನವರ ಬಾಯಲ್ಲಿ ಜಿಯುಐಡಿ. 128 ಬಿಟ್, ಅಂದರೆ 0 ಅಥವಾ 1 ಕೂರುವ 128 ಜಾಗ. ಬರೆದರೆ 32 ಗುರುತು, ಒಂದೊಂದೂ 0 ಯಿಂದ 9 ಅಥವಾ ಎ ಯಿಂದ ಎಫ್. ನಡುವೆ ನಾಲ್ಕು ಅಡ್ಡಗೆರೆ ಹಾಕಿ 8, 4, 4, 4, 12 ರ ಗುಂಪು ಮಾಡುತ್ತಾರೆ. ನಿಮ್ಮ ಲ್ಯಾಪ್‌ಟಾಪಿನಲ್ಲಿ ಈಗಲೇ ಹತ್ತು ಯುಯುಐಡಿ ಮಾಡಿ ಒಂದರ ಕೆಳಗೆ ಒಂದು ಇಟ್ಟು ನೋಡಿ. ಎಲ್ಲ ಕಲಸುಮೇಲೋಗರ, ಆದರೆ ಮೂರನೇ ಗುಂಪಿನ ಮೊದಲ ಅಂಕಿ ಹತ್ತರಲ್ಲೂ 4. ನಾಲ್ಕನೇ ಗುಂಪಿನ ಮೊದಲನೆಯದು ಪ್ರತಿ ಸಲ 8, 9, ಎ, ಬಿ ಇವುಗಳಲ್ಲಿ ಒಂದು. ಆ 4 ಅಂದರೆ ನಾಲ್ಕನೇ ಬಗೆ, ಅಂದರೆ ಪೂರ್ತಿ ಕಣ್ಣು ಮುಚ್ಚಿ ಎತ್ತಿದ, ರ‍್ಯಾಂಡಮ್ ಆದದ್ದು. ಇನ್ನೊಂದು ಜಾಗ ಇದು ಯಾವ ಪದ್ಧತಿಯ ಯುಯುಐಡಿ ಅಂತ ಹೇಳುತ್ತದೆ. ಇವೆರಡಕ್ಕೆ 6 ಬಿಟ್ ಹೋಯಿತು, ಉಳಿದದ್ದು 122.

122 ಬಿಟ್ ಅಂದರೆ ಎಷ್ಟು? 53 ಬರೆದು ಮುಂದೆ 35 ಸೊನ್ನೆ ಹಾಕಿ, ಹೆಚ್ಚೂ ಕಮ್ಮಿ ಅಷ್ಟು.

ಇಲ್ಲಿ ಹಿಂದಿನ ಸಾಲಿನಿಂದ ಒಬ್ಬರು ಎದ್ದರು. "ಅಲ್ರೀ ಸರ್, ಎಷ್ಟ ದೊಡ್ಡದಿದ್ರೂ ಅಕಸ್ಮಾತ್ ಎರಡು ಒಂದ ಬಂದ್ರ?" ಸರಿಯಾದ ಪ್ರಶ್ನೆ, ಇದಕ್ಕೆ ಸ್ವಲ್ಪ ಹೊತ್ತು ಕೊಡೋಣ. ನಿಮ್ಮ ಕ್ಲಾಸಿನಲ್ಲಿ 23 ಜನ ಇದ್ದರೆ ಸಾಕು, ಇಬ್ಬರ ಹುಟ್ಟಿದ ದಿನ ಒಂದೇ ಆಗಿರುವ ಸಾಧ್ಯತೆ ಅರ್ಧಕ್ಕರ್ಧ. 60 ಜನ ಇದ್ದರೆ ನೂರಕ್ಕೆ 99 ರ ಮೇಲೆ. ದಿನಗಳು 365 ಇದ್ದರೂ 23 ಕ್ಕೇ ಹೀಗಾಗುವುದು ಯಾಕೆ ಅಂದರೆ ನಾವು ಎಣಿಸಬೇಕಾದ್ದು ಜನರನ್ನಲ್ಲ, ಜೋಡಿಗಳನ್ನು. 23 ಜನರಲ್ಲಿ 253 ಜೋಡಿ ಇವೆ. ಹಾಗಾಗಿ ಡಿಕ್ಕಿ ಯಾವಾಗ ಅಂತ ತಿಳಿಯಬೇಕಾದರೆ ಒಟ್ಟು ಸಂಖ್ಯೆಯ ವರ್ಗಮೂಲದ ಹತ್ತಿರ ನೋಡಬೇಕು. 122 ಬಿಟ್ಟಿಗೆ ಅದು ಸುಮಾರು 27 ಸಾವಿರ ಕೋಟಿ ಕೋಟಿ. ಕೋಟಿ ಅಂತ ಎರಡು ಸಲ ಬರೆದದ್ದು ಕೈತಪ್ಪಲ್ಲ. ಸೆಕೆಂಡಿಗೆ 100 ಕೋಟಿಯಂತೆ ಬಿಡದೆ ಮಾಡುತ್ತಾ ಹೋದರೆ ಸುಮಾರು 86 ವರ್ಷಕ್ಕೆ ಅರ್ಧಕ್ಕರ್ಧ ಸಾಧ್ಯತೆ ಬರುತ್ತದೆ. ನಿಮ್ಮ ಬೆಳೆ ಆಪ್‌ನಲ್ಲಿ 10 ಕೋಟಿ ದಾಖಲೆ ಇವೆ ಅಂತ ಇಟ್ಟುಕೊಳ್ಳಿ. ಅವುಗಳಲ್ಲಿ ಎಲ್ಲಾದರೂ ಎರಡು ಒಂದೇ ಬರುವ ಸಾಧ್ಯತೆ, 1 ರ ಮುಂದೆ 21 ಸೊನ್ನೆ ಹಾಕಿದರೆ ಬರುವ ಸಂಖ್ಯೆಯಲ್ಲಿ ಒಂದು. ಅದಕ್ಕಿಂತ ಮೊದಲು ಆ ಸರ್ವರ್ ಸುಟ್ಟು ಹೋಗುತ್ತದೆ, ಅಥವಾ ನೀವೇ ಅದನ್ನು ಅಳಿಸಿರುತ್ತೀರಿ.

ಆದರೆ ಎಚ್ಚರ. ಈ ಲೆಕ್ಕ ಪೂರ್ತಿ ಉದ್ದಕ್ಕೆ ಮಾತ್ರ. "ಇಷ್ಟುದ್ದ ಚೆಂದ ಕಾಣಲ್ಲ" ಅಂತ ಮೊದಲ ಎಂಟು ಗುರುತು ಇಟ್ಟುಕೊಂಡು ಉಳಿದದ್ದು ಕತ್ತರಿಸುವವರನ್ನು ನೋಡಿದ್ದೇನೆ. ಎಂಟು ಗುರುತು ಅಂದರೆ 32 ಬಿಟ್, ಸುಮಾರು 430 ಕೋಟಿ. ಜಾಸ್ತಿ ಇದೆಯಲ್ಲ ಅನ್ನಿಸುತ್ತೆ. ಜೋಡಿ ಲೆಕ್ಕ ಹಾಕಿ ನೋಡಿ. 9,300 ದಾಖಲೆಗೇ ನೂರಕ್ಕೆ ಒಂದು ಸಾಧ್ಯತೆ, 77 ಸಾವಿರಕ್ಕೆ ಅರ್ಧಕ್ಕರ್ಧ. ಬ್ಯಾಡಗಿಯಲ್ಲಿ ಮೆಣಸಿನಕಾಯಿ ಸೀಸನ್ನಿನ ಲಾಟುಗಳಿಗೆ ಹೀಗೆ ನಂಬರ್ ಕೊಟ್ಟು ನೋಡಿ, ಯಾರ ಚೀಲದ ದುಡ್ಡು ಯಾರ ಖಾತೆಗೆ ಹೋಯಿತು ಅಂತ ನೀವೇ ಹುಡುಕುತ್ತಾ ಕೂರಬೇಕಾಗುತ್ತದೆ.

ಆಧಾರ್ ಇದಕ್ಕೆ ಒಳ್ಳೆಯ ಉದಾಹರಣೆ. ಗಾಡಿ ನಂಬರಿನಲ್ಲಿ ಕೆಎ-26 ಕಂಡರೆ ಗದಗ, 27 ಕಂಡರೆ ಹಾವೇರಿ ಅಂತ ಹೇಳಬಹುದು. ಆಧಾರ್ ನಂಬರ್ ನೋಡಿ ಊರು, ವಯಸ್ಸು ಏನೂ ಹೇಳೋಕೆ ಆಗಲ್ಲ, ಯಾಕಂದ್ರೆ ಅದು ರ‍್ಯಾಂಡಮ್. ಒಟ್ಟು 12 ಅಂಕಿ. ಮೊದಲನೆಯದು 0 ಅಥವಾ 1 ಆಗುವುದಿಲ್ಲ. ಕೊನೆಯದು ಬರೆಯುವಾಗ ತಪ್ಪಾಗಿದ್ದರೆ ಹಿಡಿಯುವ ಅಂಕಿ. ಉಳಿಯುವುದು 8,000 ಕೋಟಿ ಸಾಧ್ಯತೆ. ಈಗಾಗಲೇ ನೂರು ಕೋಟಿಗೂ ಹೆಚ್ಚು ಕೊಟ್ಟಾಗಿದೆ. ಕಣ್ಣು ಮುಚ್ಚಿ ಎತ್ತಿದ ಹೊಸ ನಂಬರ್ ಆಗಲೇ ಯಾರದೋ ಆಗಿರುವ ಸಾಧ್ಯತೆ ನೂರಕ್ಕೆ ಒಂದಕ್ಕಿಂತ ಹೆಚ್ಚು. ಹಾಗಾಗಿ ಅಲ್ಲಿ ಎತ್ತುವುದು ಮಾತ್ರ ಸಾಲದು, ನಡುವೆ ಒಂದು ಕಡೆ ಪರೀಕ್ಷೆ ಮಾಡಲೇಬೇಕು. ಚಿಕ್ಕ ನಂಬರ್ ಬೇಕು ಅಂದ್ರೆ ಕೇಳಬೇಕು, ಕೇಳಬಾರದು ಅಂದ್ರೆ ಉದ್ದ ಇರಬೇಕು. ಮೊದಲೇ ಕೂತು ನಂಬರ್ ಹಂಚಿಕೊಳ್ಳದಿದ್ದರೆ ಇವೆರಡರ ನಡುವೆ ಮೂರನೇ ದಾರಿ ನನಗಂತೂ ಕಂಡಿಲ್ಲ.

ಈಗ ನಿಜವಾದ ತಲೆನೋವಿಗೆ ಬರೋಣ. ಕಣ್ಣು ಮುಚ್ಚಿ ಎತ್ತು ಅಂದೆ. ಕಂಪ್ಯೂಟರಿಗೆ ಕಣ್ಣು ಮುಚ್ಚೋಕೆ ಬರಲ್ಲ! ಹೇಳಿದ್ದನ್ನು ಹೇಳಿದ ಹಾಗೆ ಮಾಡುವುದೇ ಅದರ ಕೆಲಸ. ಜಾವಾಸ್ಕ್ರಿಪ್ಟ್‌ನ ಮ್ಯಾಥ್ ಡಾಟ್ ರ‍್ಯಾಂಡಮ್ ಕೊಡುವುದು ನೋಡೋಕೆ ಅಡ್ಡಾದಿಡ್ಡಿ ಕಾಣುವ, ಆದರೆ ಒಳಗೆ ಪಕ್ಕಾ ಸೂತ್ರದಿಂದ ಬರುವ ಸಂಖ್ಯೆ. ಕ್ರೋಮ್‌ನಲ್ಲಿ ಆ ಸೂತ್ರದ ಹೊಟ್ಟೆಯಲ್ಲಿ ಇರುವುದು 128 ಬಿಟ್ ಸ್ಥಿತಿ ಅಷ್ಟೇ. ಹೊರಗೆ ಬಂದ ಕೆಲವು ಸಂಖ್ಯೆ ಸಿಕ್ಕರೆ ಒಳಗಿನದನ್ನು ಲೆಕ್ಕ ಹಾಕಿ ತೆಗೆದು, ಮುಂದೆ ಬರೋದನ್ನೆಲ್ಲ ಮೊದಲೇ ಹೇಳಬಹುದು. ಆಟಕ್ಕೆ, ಬಣ್ಣ ಬದಲಿಸೋಕೆ ಅದು ಸಾಕು. ಪಾಸ್‌ವರ್ಡ್ ಬದಲಿಸುವ ಲಿಂಕ್ ಮಾಡೋಕೆ ಬಳಸಿದರೆ ಮುಗೀತು. ಅಲ್ಲಿ ಬೇಕಾದ್ದು ಆಪರೇಟಿಂಗ್ ಸಿಸ್ಟಂ ಕೊಡುವ ರ‍್ಯಾಂಡಮ್. ಅದು ಹಾರ್ಡ್‌ವೇರಿನ ಕಡೆಯಿಂದ ಬರುವ ಇಂಟರಪ್ಟು ಅನ್ನುವ ಸಂಕೇತಗಳ ನಡುವಿನ ಸಣ್ಣ ಸಣ್ಣ ಏರುಪೇರುಗಳನ್ನೆಲ್ಲ ಒಟ್ಟು ಮಾಡಿ, ಕಲಸಿ, ಅದರಿಂದ ಬಿಟ್ ತೆಗೆದು ಕೊಡುತ್ತದೆ. ಪೈಥಾನ್‌ನ ಯುಯುಐಡಿ4 ಹಿಂದೆ ಇರುವುದು ಇದೇ. ಬ್ರೌಸರಿನಲ್ಲಿ ಬೇಕಾದರೆ ಕ್ರಿಪ್ಟೋ ಹೆಸರಿನ ಕೆಳಗೆ ರ‍್ಯಾಂಡಮ್ ಯುಯುಐಡಿ ಅನ್ನುವ ಫಂಕ್ಷನ್ನೇ ಇದೆ. ಇಂಟರ್ನೆಟ್ಟಿನಲ್ಲಿ ಸಿಗುವ ಒಂದು ಸಾಲಿನ "ಶಾರ್ಟ್‌ಕಟ್" ಯುಯುಐಡಿ ಕೋಡನ್ನು ದಯವಿಟ್ಟು ಕಾಪಿ ಮಾಡಬೇಡಿ. ಅದರಲ್ಲಿ ಬಹಳಷ್ಟು ಮ್ಯಾಥ್ ಡಾಟ್ ರ‍್ಯಾಂಡಮ್ ಮೇಲೇ ನಿಂತಿವೆ.

ಇಲ್ಲಿ ಎಡವಿದರೆ ಏನಾಗುತ್ತೆ ಅನ್ನುವುದಕ್ಕೆ ಡೆಬಿಯನ್ ಕತೆ ಸಾಕು. 2006 ರಲ್ಲಿ ಡೆಬಿಯನ್ ಲಿನಕ್ಸ್ ಅನ್ನುವ ಆಪರೇಟಿಂಗ್ ಸಿಸ್ಟಂನಲ್ಲಿ ಗುಪ್ತ ಕೀ ಹುಟ್ಟಿಸುವ ಓಪನ್ ಎಸ್‌ಎಸ್‌ಎಲ್‌ನಲ್ಲಿ ತಪ್ಪು ಹಿಡಿಯುವ ಉಪಕರಣವೊಂದು ಎಚ್ಚರಿಕೆ ಕೊಟ್ಟಿತು. ಆ ಎಚ್ಚರಿಕೆ ಹೋಗಲಿ ಅಂತ ಕೋಡಿನ ಸಾಲು ತೆಗೆದರು. ತೆಗೆದ ಸಾಲು ಮಾಡುತ್ತಿದ್ದ ಕೆಲಸ ಏನು ಅಂದ್ರೆ, ರ‍್ಯಾಂಡಮ್‌ಗೆ ಬೇಕಾದ ಏರುಪೇರನ್ನು ಒಳಗೆ ಸುರಿಯುವುದು. ಆಮೇಲೆ ಉಳಿದದ್ದು ಓಡುತ್ತಿರುವ ಪ್ರೋಗ್ರಾಮಿಗೆ ಸಿಸ್ಟಂ ಕೊಡುವ ಪ್ರಾಸೆಸ್ ನಂಬರ್ ಒಂದೇ, ಅದು ಹೆಚ್ಚೆಂದರೆ 32,768. ದೂರದ ಮಷಿನ್ನಿಗೆ ಲಾಗಿನ್ ಆಗೋಕೆ ಬಳಸುವ ಎಸ್‌ಎಸ್‌ಎಚ್ ಕೀಗಳಲ್ಲಿ ಒಂದೇ ಬಗೆಯ, ಒಂದೇ ಅಳತೆಯದು ತಗೊಂಡರೆ ಜಗತ್ತಿನಾದ್ಯಂತ ಆ ಮಷಿನ್ನುಗಳು ಮಾಡಬಲ್ಲ ಕೀಗಳು ಅಷ್ಟೇ. ಎಲ್ಲವನ್ನೂ ಮೊದಲೇ ಮಾಡಿಟ್ಟುಕೊಂಡು ಒಂದೊಂದಾಗಿ ಹಾಕಿ ನೋಡಬಹುದು. 2008 ರ ಮೇ ತಿಂಗಳಲ್ಲಿ ಇದು ಹೊರಗೆ ಬಂತು. ಒಂದೂವರೆ ವರ್ಷಕ್ಕೂ ಹೆಚ್ಚು ಕಾಲ ಯಾರಿಗೂ ಗೊತ್ತಾಗಲಿಲ್ಲ! ಯಾಕೆ ಅಂತ ಯೋಚಿಸಿ. ಕೆಟ್ಟ ರ‍್ಯಾಂಡಮ್ ನೋಡೋಕೆ ಒಳ್ಳೆಯ ರ‍್ಯಾಂಡಮ್ ಥರವೇ ಇರುತ್ತೆ. ಕೀ ಕೆಲಸ ಮಾಡುತ್ತದೆ, ಲಾಗಿನ್ ಆಗುತ್ತದೆ, ಟೆಸ್ಟ್ ಪಾಸಾಗುತ್ತದೆ. ಬೇರೆ ತಪ್ಪುಗಳು ಕೂಗಿಕೊಳ್ಳುತ್ತವೆ, ಇದು ಬಾಯೇ ಬಿಡುವುದಿಲ್ಲ.

2012 ರಲ್ಲಿ ಸಂಶೋಧಕರು ಇಂಟರ್ನೆಟ್ಟಿನಲ್ಲಿರುವ ಸರ್ವರುಗಳ ಕೀಗಳನ್ನೆಲ್ಲ ಒಟ್ಟು ಹಾಕಿ ತಾಳೆ ನೋಡಿದರು. ವೆಬ್‌ಸೈಟಿನ ಸಂಪರ್ಕವನ್ನು ಗುಟ್ಟಾಗಿಡುವ ಟಿಎಲ್‌ಎಸ್ ಬಳಸುವ ಯಂತ್ರಗಳಲ್ಲಿ ನೂರಕ್ಕೆ ಅರ್ಧದಷ್ಟರ, ಅಂದರೆ 200 ಕ್ಕೆ ಒಂದರ ಗುಪ್ತ ಕೀ ಅವರ ಕೈಗೆ ಸಿಕ್ಕಿತು. ಬಹಳಷ್ಟು ರೂಟರ್, ಫೈರ್‌ವಾಲ್ ಥರದ ಪೆಟ್ಟಿಗೆಗಳು. ಮೊದಲ ಸಲ ಆನ್ ಮಾಡಿದ ಕೂಡಲೇ ಕೀ ಹುಟ್ಟಿಸುತ್ತಿದ್ದವು. ಆಗಿನ್ನೂ ಕೀಬೋರ್ಡ್ ಇಲ್ಲ, ಡಿಸ್ಕ್ ಇಲ್ಲ, ಏರುಪೇರು ಅನ್ನುವುದು ಎಲ್ಲಿಂದ ಬರಬೇಕು? ನಿಮ್ಮಲ್ಲಿ ಯಾರಾದರೂ ಹೊಲದಲ್ಲಿ ತೇವಾಂಶ ಅಳೆಯುವ ಡಿವೈಸ್ ಮಾಡುತ್ತಿದ್ದರೆ ಇದನ್ನು ಮನಸ್ಸಿನಲ್ಲಿಡಿ.

ಬೇರೆ ಬಗೆಗಳ ಬಗ್ಗೆ ಚುಟುಕಾಗಿ. ಒಂದನೇ ಬಗೆಯ ಯುಯುಐಡಿ ಸಮಯ ಮತ್ತು ನಿಮ್ಮ ಮಷಿನ್ನಿನ ನೆಟ್‌ವರ್ಕ್ ಕಾರ್ಡಿನ ವಿಳಾಸ ಸೇರಿಸಿ ಮಾಡುತ್ತದೆ. ಸಮಯ ಎಣಿಸುವುದು 1582 ರ ಅಕ್ಟೋಬರ್ 15 ರಿಂದ, ಅಂದರೆ ಈಗಿನ ಕ್ಯಾಲೆಂಡರ್ ಶುರುವಾದ ದಿನದಿಂದ. ಯಾರಿಗೆ ಹೊಳೆಯಿತೋ! ಡಿಕ್ಕಿಯ ಭಯ ಕಮ್ಮಿ, ಆದರೆ ಯಾವ ಕಂಪ್ಯೂಟರ್, ಯಾವ ಹೊತ್ತು ಎರಡೂ ಅದರಲ್ಲೇ ಬರೆದಿರುತ್ತದೆ. 1999 ರ ಮೆಲಿಸ್ಸಾ ವೈರಸ್ ಮಾಡಿದವನ ಜಾಡು ಹಿಡಿಯೋಕೆ ವರ್ಡ್ ಫೈಲಿನೊಳಗಿದ್ದ ಇಂಥದ್ದೇ ಗುರುತು ನೆರವಾಯಿತು. 2024 ರಲ್ಲಿ ಬಂದ ಇಂಟರ್ನೆಟ್ ಮಾನದಂಡದ ದಾಖಲೆ ಆರ್‌ಎಫ್‌ಸಿ 9562 ರಲ್ಲಿ ಏಳನೇ ಬಗೆ ಸೇರಿದೆ. ಮುಂದೆ 48 ಬಿಟ್ ಸಮಯ, ಹಿಂದೆ ರ‍್ಯಾಂಡಮ್. ಡೇಟಾಬೇಸಿಗೆ ಇದು ಹಿತ, ಯಾಕಂದ್ರೆ ಹೊಸ ದಾಖಲೆಗಳು ಇಂಡೆಕ್ಸಿನ ಕೊನೆಗೆ ಸಾಲಾಗಿ ಹೋಗಿ ಕೂರುತ್ತವೆ, ನಾಲ್ಕನೇ ಬಗೆಯ ಹಾಗೆ ಸಿಕ್ಕ ಸಿಕ್ಕ ಪುಟದ ನಡುವೆ ನುಗ್ಗುವುದಿಲ್ಲ. ಪೋಸ್ಟ್‌ಗ್ರೆಸ್ ಡೇಟಾಬೇಸಿನ 18 ನೇ ಆವೃತ್ತಿಯಲ್ಲಿ ಇದಕ್ಕೆ ಸಿದ್ಧ ಫಂಕ್ಷನ್ ಇದೆ. ಹೊಸ ಪ್ರಾಜೆಕ್ಟ್ ಆದರೆ ನಾನು ಒಳಗಿನ ಟೇಬಲ್ಲುಗಳಿಗೆ ಇದನ್ನೇ ಹಾಕುತ್ತೇನೆ. ಹೊರಗೆ ಕೊಡುವ ಲಿಂಕಿಗೆ ಹಾಕಲ್ಲ, ದಾಖಲೆ ಹುಟ್ಟಿದ ಹೊತ್ತನ್ನು ಅದು ಮಿಲಿಸೆಕೆಂಡ್ ಸಮೇತ ಹೇಳಿಬಿಡುತ್ತದೆ.

ಈಗ ಆ ಲ್ಯಾಬಿನ ಉಳಿದರ್ಧ. ಕೆಲವು ತಿಂಗಳ ನಂತರ ಅಮ್ಮನ ಮುಂದಿನ ರಿಪೋರ್ಟ್ ಬಂತು. ಲಿಂಕಿನ ಕೊನೆಗೆ ಐದಂಕಿ ಹೋಗಿ ಉದ್ದ ಯುಯುಐಡಿ ಬಂದಿತ್ತು, 4 ಕೂಡ ಸರಿಯಾದ ಜಾಗದಲ್ಲಿತ್ತು. ಪರವಾಗಿಲ್ವೇ ಅಂದುಕೊಂಡೆ. ಅಷ್ಟರಲ್ಲಿ ಮಾವ ಆ ಲಿಂಕನ್ನು ಕುಟುಂಬದ ವಾಟ್ಸಾಪ್ ಗ್ರೂಪಿಗೆ ಹಾಕಿದರು. ಮೂವತ್ತು ಜನರ ಗ್ರೂಪು. ಬೆಳಗಾವಿಯ ಚಿಕ್ಕಮ್ಮ, ದುಬೈನ ಅಣ್ಣ, ಎಲ್ಲರಿಗೂ ತೆರೆಯಿತು. ಲಾಗಿನ್ ಇಲ್ಲ, ಒಟಿಪಿ ಇಲ್ಲ, ಇಷ್ಟು ದಿನಕ್ಕೆ ಲಿಂಕ್ ಸಾಯಬೇಕು ಅಂತಲೂ ಇಲ್ಲ. ಮನೆ ನಂಬರನ್ನು ಯಾರೂ ಊಹಿಸದಷ್ಟು ಉದ್ದ ಮಾಡಿ ಬೀಗ ಹಾಕದೆ ಹೋದ ಹಾಗೆ.

ನಾನು ಇವತ್ತು ಹೇಳೋಕೆ ಬಂದದ್ದೇ ಇದು. ನಂಬರ್ ಬೇರೆಯವರದಕ್ಕೆ ಡಿಕ್ಕಿ ಆಗಬಾರದು ಅನ್ನುವುದು ಒಂದು. ಅದನ್ನು ಯಾರೂ ಊಹಿಸಬಾರದು ಅನ್ನುವುದು ಇನ್ನೊಂದು. ನಂಬರ್ ಗೊತ್ತಿದ್ದವರಿಗೂ ಒಳಗೆ ಬರುವ ಹಕ್ಕು ಇದೆಯಾ ಅಂತ ಕೇಳುವುದು ಮತ್ತೊಂದು. ಒಳ್ಳೆಯ ರ‍್ಯಾಂಡಮ್ ಇದ್ದರೆ ಯುಯುಐಡಿ ಮೊದಲ ಎರಡನ್ನು ಮಾಡಿಕೊಡುತ್ತದೆ, ಮೂರನೆಯದರ ಗೋಜಿಗೇ ಹೋಗುವುದಿಲ್ಲ. 2005 ರ ಆರ್‌ಎಫ್‌ಸಿ 4122 ರಲ್ಲೇ ಯುಯುಐಡಿಯನ್ನು ಊಹಿಸೋದು ಕಷ್ಟ ಅಂತ ನಂಬಿಕೊಂಡು ಕೂರಬೇಡಿ, ಅದು ಕೈಯಲ್ಲಿದೆ ಅನ್ನುವಷ್ಟಕ್ಕೇ ಒಳಗೆ ಬಿಡಬೇಡಿ ಅಂತ ಬರೆದಿದ್ದರು. ಲಿಂಕುಗಳು ಬ್ರೌಸರ್ ಹಿಸ್ಟರಿಯಲ್ಲಿ ಉಳಿಯುತ್ತವೆ, ಸರ್ವರ್ ಲಾಗಿನಲ್ಲಿ ಉಳಿಯುತ್ತವೆ, ಫಾರ್ವರ್ಡ್ ಆಗುತ್ತವೆ. ಆಧಾರ್ ವಿಷಯದಲ್ಲೂ ಇದೇ ಗೊಂದಲ. ಲಾಡ್ಜಿನಲ್ಲಿ, ಸಿಮ್ ಅಂಗಡಿಯಲ್ಲಿ ಜೆರಾಕ್ಸ್ ಕೊಟ್ಟು ಕೊಟ್ಟು ಆ ನಂಬರ್ ಊರಿಗೆಲ್ಲ ಗೊತ್ತಾದ ಮೇಲೆ ಅದು ಗುಟ್ಟು ಹೇಗಾಗುತ್ತೆ? ಬೇಕಾದಾಗ ಬದಲಿಸಬಹುದಾದ 16 ಅಂಕಿಯ ವರ್ಚುವಲ್ ಐಡಿಯನ್ನು 2018 ರಲ್ಲಿ ತಂದದ್ದು ಇಂಥ ತೊಂದರೆಗೇ.

"ಹಂಗಾದ್ರ ಆರಂಕಿ ಒಟಿಪಿ ಹೆಂಗ್ ನಡೀತದ್ರೀ?" ಅಂತ ಒಬ್ಬ ಹುಡುಗಿ ಕೇಳಿದಳು. ಜಾಣ ಪ್ರಶ್ನೆ. ಆರಂಕಿ ಅಂದರೆ ಹತ್ತೇ ಲಕ್ಷ, ಕಂಪ್ಯೂಟರಿಗೆ ಏನೂ ಅಲ್ಲ. ಅಲ್ಲಿ ಕಾಯುವುದು ನಂಬರಿನ ಉದ್ದ ಅಲ್ಲ. ಕೆಲವೇ ನಿಮಿಷಕ್ಕೆ ಅದು ಸಾಯುತ್ತದೆ, ನಾಲ್ಕಾರು ಸಲ ತಪ್ಪಿದರೆ ಬಾಗಿಲು ಮುಚ್ಚುತ್ತದೆ. ಈ ಎರಡು ಕಟ್ಟುಪಾಡು ಮರೆತ ಒಟಿಪಿ ಬರೀ ಅಲಂಕಾರ.

ಕೊನೆಗೆ ಬಿಲ್ಲಿಂಗ್ ಸಾಫ್ಟ್‌ವೇರ್ ಮಾಡುವವರೊಬ್ಬರು, "ಸರ್, ಇನ್ವಾಯ್ಸ್ ನಂಬರಿಗೇ ಯುಯುಐಡಿ ಹಾಕಿಬಿಡ್ಲೇನ್ರೀ?" ಅಂದರು. ಬೇಡ. ಜಿಎಸ್‌ಟಿ ನಿಯಮ 46 ಪ್ರಕಾರ ಇನ್ವಾಯ್ಸ್ ನಂಬರ್ ಒಂದರ ಹಿಂದೆ ಒಂದು ಕ್ರಮವಾಗಿ ಬರಬೇಕು, 16 ಅಕ್ಷರ ಮೀರಬಾರದು, ಆ ಹಣಕಾಸು ವರ್ಷದಲ್ಲಿ ಮರಳಿ ಬರಬಾರದು. ಯುಯುಐಡಿ ಕ್ರಮವಾಗಿಯೂ ಇಲ್ಲ, 16 ರಲ್ಲಿ ಹಿಡಿಸುವುದೂ ಇಲ್ಲ. ಆದರೆ ಒಂದಕ್ಕಿಂತ ಹೆಚ್ಚು ಸಿರೀಸ್ ಇಟ್ಟುಕೊಳ್ಳೋಕೆ ಅದೇ ನಿಯಮದಲ್ಲಿ ಅವಕಾಶ ಇದೆ. ಗಿರಾಕಿಗೆ ಎರಡು ಕೌಂಟರ್ ಇದ್ದರೆ ಒಂದಕ್ಕೆ ಎ, ಇನ್ನೊಂದಕ್ಕೆ ಬಿ ಅಂತ ಮುಂದೆ ಹಾಕಿ, ನೆಟ್ ಹೋದರೂ ಎರಡೂ ತಮ್ಮ ಪಾಡಿಗೆ ಎಣಿಸುತ್ತವೆ. ಕಾಗದದ ಮೇಲೆ ಆ ನಂಬರ್ ಇರಲಿ. ಬಿಲ್ಲಿನ ಪಿಡಿಎಫ್ ಲಿಂಕ್ ಕಳಿಸುವಾಗ ಮಾತ್ರ ನಾಲ್ಕನೇ ಬಗೆಯ ಯುಯುಐಡಿ ಹಾಕಿ, ಅವಧಿ ಇಡಿ, ತೆರೆಯುವ ಮುಂಚೆ ಫೋನಿಗೆ ಒಟಿಪಿ ಕಳಿಸಿ.

"ಇ-ಇನ್ವಾಯ್ಸಿನ ಐಆರ್‌ಎನ್ ಉದ್ದ ಐತಲ್ರೀ, ಅದನ್ನ ಲಿಂಕಿಗೆ ಹಾಕಿದ್ರ?" ಅಂತ ಅವರೇ ಮತ್ತೆ ಕೇಳಿದರು. ಐಆರ್‌ಎನ್ ಅಂದರೆ ಇ-ಇನ್ವಾಯ್ಸಿಗೆ ಬರುವ ಗುರುತಿನ ನಂಬರ್. ಅದು 64 ಅಕ್ಷರ, ನೋಡೋಕೆ ಯುಯುಐಡಿಯ ಅಣ್ಣನ ಹಾಗೇ ಇದೆ. ಆದರೆ ರ‍್ಯಾಂಡಮ್ ಅಲ್ಲವೇ ಅಲ್ಲ. ಮಾರಿದವರ ಜಿಎಸ್‌ಟಿ ನಂಬರ್, ಹಣಕಾಸು ವರ್ಷ, ಯಾವ ಬಗೆಯ ದಾಖಲೆ, ಅದರ ನಂಬರ್ ಇಷ್ಟನ್ನು ಸೇರಿಸಿ ಒಂದು ಪಕ್ಕಾ ಸೂತ್ರದಿಂದ ತೆಗೆದ ಹ್ಯಾಶ್ ಅದು. ಇಷ್ಟು ವಿವರ ಕೊಟ್ಟರೆ ಯಾರು ಲೆಕ್ಕ ಹಾಕಿದರೂ ಅದೇ ಬರುತ್ತದೆ. ನಿಮ್ಮ ಗಿರಾಕಿಯ ಒಂದು ಬಿಲ್ ಕೈಯಲ್ಲಿದ್ದರೆ ಸಾಕು, ನಂಬರಿಗೆ ಒಂದು ಕೂಡಿಸಿ ಮುಂದಿನ ಬಿಲ್ಲಿನ ಐಆರ್‌ಎನ್ ಮನೆಯಲ್ಲೇ ಕೂತು ತೆಗೆಯಬಹುದು.